ಉಸುಕಿನ ಮೇಲೆ ಮೂರು ಕಲ್ಲು

ಹೋದ ತಿಂಗಳು ನಾಲ್ಕು ಜನ ಹೊಸ ಗೈಡುಗಳು ನಮ್ಮ ಮನೆಯ ಕಟ್ಟೆಗೆ ಬಂದು ಕೂತರು. ಎಲ್ಲರ ಕೊರಳಲ್ಲೂ ದುರ್ಬೀನು. ನಾನು ಕೆಲಸಕ್ಕಿದ್ದ ಕಾಲದಲ್ಲಿ ಇಡೀ ಐಹೊಳೆಗೆ ಒಂದೇ ದುರ್ಬೀನು, ಅದೂ ಬಾಗಲಕೋಟೆಯಿಂದ ಬಸ್ಸಿನಲ್ಲಿ ಬರಬೇಕಿತ್ತು. “ಅಜ್ಜಾರ, ನೀವು ಭಾಳ ವರ್ಷ ಮಂದಿಗೆ ಹಕ್ಕಿ ತೋರ್ಸೀರಿ. ನಮಗೂ ನಾಕು ಮಾತು ಬರದು ಕೊಡ್ರಿ” ಅಂದರು. ಚಹಾ ಕುಡಿಸಿ ಕಳಿಸಿದೆ. ಬರೆಯಲು ಕೂತಿದ್ದು ಈಗ.

ಹಕ್ಕಿಗಳ ಹೆಸರು ಪುಸ್ತಕದಲ್ಲಿವೆ, ಗುಡಿಗಳ ಹೆಸರು ಫಲಕದ ಮೇಲಿವೆ. ಅವನ್ನು ಬರೆದು ನಿಮ್ಮ ವೇಳೆ ಹಾಳು ಮಾಡುವುದಿಲ್ಲ. ಈ ಕೆಲಸದಲ್ಲಿ ನಾನು ಮಾಡಿದ ದೊಡ್ಡ ತಪ್ಪೊಂದಿದೆ. ಮಲಪ್ರಭೆಯ ನಡುವೆ, ಉಸುಕಿನ ದಿಬ್ಬದ ಮೇಲೆ ಮೊಟ್ಟೆಯಿಡುತ್ತಿದ್ದ ಹಕ್ಕಿಗಳನ್ನು ಕಾಯುತ್ತೇನೆಂದು ಹೋಗಿ ನಾನೇ ಓಡಿಸಿಬಿಟ್ಟೆ. ಅವು ಮತ್ತೆ ಬರುತ್ತವೋ ಇಲ್ಲವೋ ಎನ್ನುವುದೊಂದೇ ಆಮೇಲಿನ ಕೆಲವು ವರ್ಷ ನನ್ನ ತಲೆಯಲ್ಲಿತ್ತು. ಅದನ್ನೇ ಹೇಳುತ್ತೇನೆ. ಆದರೆ ಮುದುಕರ ಮಾತು ನೆಟ್ಟಗೆ ಹೋಗುವುದಿಲ್ಲ, ನೆರಳು ಕಂಡಲ್ಲಿ ಕೂತು ಕೂತು ಹೋಗುತ್ತದೆ. ತಾಳಿಕೊಳ್ಳಿ.

ನಮ್ಮದು ಬೀರಪ್ಪನ ಒಕ್ಕಲು, ಕುರಿ ಕಾಯುವ ಮನೆತನ. ನಾನು ನಾಲ್ಕನೆಯ ಇಯತ್ತೆಗೆ ಶಾಲೆ ಬಿಟ್ಟವನು. ಎಪ್ಪತ್ತರ ದಶಕದ ನಡುವೆ ಕುರಿಗಳೆಲ್ಲ ಅಣ್ಣನ ಪಾಲಿಗೆ ಹೋದವು; ನಾನು ಐಹೊಳೆಗೆ ಬರುವ ಪ್ರವಾಸಿಗರಿಗೆ ಗುಡಿ ತೋರಿಸುವ ಕೆಲಸ ಹಿಡಿದೆ. ನನಗೆ ಗೊತ್ತಿದ್ದ ಚರಿತ್ರೆ ಅಷ್ಟಕ್ಕಷ್ಟೆ. ಗೊತ್ತಿಲ್ಲದ ಕಡೆ ಯಾವನಾದರೂ ಒಬ್ಬ ರಾಜನನ್ನು ತಂದು ನಿಲ್ಲಿಸಿ, ಅವನ ಕೈಯಲ್ಲಿ ಒಂದು ಕತ್ತಿ ಕೊಟ್ಟು ಮುಂದೆ ಹೋಗುತ್ತಿದ್ದೆ. ಯಾರೂ ಕೇಳುತ್ತಿರಲಿಲ್ಲ.

ಒಂದು ಮುಂಜಾನೆ ದುರ್ಗದ ಗುಡಿಯೊಳಗೆ ಕಾಲಿಟ್ಟರೆ ಬಿಳಿ ಧೋತರದ ಒಬ್ಬರು ನೆಲದ ಮೇಲೆ ಅಂಗಾತ ಮಲಗಿದ್ದರು. ತಲೆ ತಿರುಗಿ ಬಿದ್ದಿದ್ದಾರೆಂದು ಗಾಬರಿಯಾಗಿ ಓಡಿದೆ.

“ಯಾಕ್ರೀ, ಆರಾಮ ಇಲ್ಲೇನ್ರಿ?”

“ಸುಮ್ಮನಿರು. ಮ್ಯಾಲೆ ಗೂಡು ಕಟ್ಟಲಿಕ್ಕತ್ತದ.”

ಛತ್ತಿನಲ್ಲಿ ಕೆತ್ತಿದ ಕಮಲದ ಎಸಳಿಗೆ ಆತುಕೊಂಡು ಒಂದು ಅಂಬರಗುಬ್ಬಿ ಮಣ್ಣಿನ ಗೂಡು ಕಟ್ಟುತ್ತಿತ್ತು. ಅವರು ಮಲಗಿದಲ್ಲಿಂದಲೇ ಕೇಳಿದರು: “ದಿನಾ ಇಲ್ಲಿ ನಿಂತು ಮಾತಾಡ್ತೀ ಅಲಾ, ಇದನ್ನ ಎಂದರ ನೋಡೀಯೇನು?”

“ನೋಡೀನ್ರಿ. ಹೊಳಿ ಮಗ್ಗಲಿನ ರಾಡಿ ತರ್ತೈತ್ರಿ. ಮುಂಜಾನಿ ಅಷ್ಟ. ಬಿಸಲೇರಿದ ಮ್ಯಾಲೆ ತರೂದಿಲ್ರಿ, ಹಸಿ ಮಣ್ಣು ಲಗೂ ಒಣಗಿ ಬಿರೀತೈತಿ.”

ಅವರು ಎದ್ದು ಕೂತು, ಬೆನ್ನಿಗೆ ಅಂಟಿದ್ದ ಧೂಳನ್ನೂ ಕೊಡವದೆ ನನ್ನನ್ನು ನೋಡಿದರು. ಅವರೇ ಶ್ರೀಪಾದ ಮಾಸ್ತರರು. ಬಾಗಲಕೋಟೆಯ ಶಾಲೆಯೊಂದರಲ್ಲಿ ವಿಜ್ಞಾನ ಕಲಿಸಿ ನಿವೃತ್ತರಾದವರು. ಮನೆತನವೆಲ್ಲ ವೇದ ಓದಿದ್ದು, ಇವರು ಹಕ್ಕಿ ಓದಿದ್ದರು. ಪುಣೆಯಿಂದ, ಬೆಂಗಳೂರಿನಿಂದ, ಒಮ್ಮೊಮ್ಮೆ ಪರದೇಶದಿಂದಲೂ ಬರುವ ಹಕ್ಕಿಹುಚ್ಚಿನವರನ್ನು ಬಾದಾಮಿ, ಪಟ್ಟದಕಲ್ಲು, ಐಹೊಳೆಗಳಲ್ಲಿ ಸುತ್ತಿಸುತ್ತಿದ್ದರು. ಅವತ್ತೇ ಅಂದರು: “ನಿನಗ ಹಕ್ಕಿ ಗೊತ್ತವ. ಹೆಸರು ನಾ ಕಲಿಸ್ತೀನಿ. ನಾಳಿಂದ ನನ್ನ ಜೋಡಿ ಬಾ.”

ಹೀಗೆ ನಾನು ಈ ಕೆಲಸಕ್ಕೆ ಬಂದೆ. ಇದಕ್ಕೆ ಆಗ ಹೆಸರೂ ಇರಲಿಲ್ಲ. ಊರಲ್ಲಿ ಯಾರಾದರೂ ಕೇಳಿದರೆ ನನ್ನ ಹೆಂಡತಿ “ಮಾಸ್ತರ ಕೂಡ ಆಕಾಶ ನೋಡಾಕ ಹೋಗ್ಯಾರ” ಅನ್ನುತ್ತಿದ್ದಳು.

ಮಾಸ್ತರರು ಕಲಿಸಿದ ಮೊದಲ ಪಾಠ ಕಣ್ಣು ಮುಚ್ಚುವುದು. ಚಳಿಗಾಲದಲ್ಲಿ ಬಾದಾಮಿಯ ಅಗಸ್ತ್ಯ ತೀರ್ಥದ ದಂಡೆಗೆ ಬೆಳಕು ಹರಿಯುವ ಮುನ್ನ ಮಂದಿಯನ್ನು ಕರೆತಂದು, ಮೆಟ್ಟಿಲ ಮೇಲೆ ಕೂಡಿಸಿ, ಕಾಲು ತಾಸು ಯಾರೂ ಕಣ್ಣು ತೆರೆಯಬಾರದು ಅನ್ನುತ್ತಿದ್ದರು. ಆ ಕಾಲು ತಾಸನ್ನು ನಾನು ಹೇಗೆ ಬರೆಯಲಿ. ಮೊದಲು ಏನೂ ಕೇಳುವುದಿಲ್ಲ. ಆಮೇಲೆ ಆಚೆ ದಂಡೆಯಲ್ಲಿ ಯಾರೋ ಅರಿವೆ ಒಗೆಯುವ ಸಪ್ಪಳ, ಅದೇ ಸಪ್ಪಳ ಈಚೆ ಗುಡ್ಡಕ್ಕೆ ಬಡಿದು ಇನ್ನೊಮ್ಮೆ. ಅದರ ನಡುವೆ ನೀರಿನ ಮೇಲೆ ಒಂದು ಮಿಂಚುಳ್ಳಿ ಗೆರೆ ಎಳೆದಂತೆ ಕೂಗಿಕೊಂಡು ಹೋಗುತ್ತದೆ. ಕಲ್ಲಿನ ಬಿರುಕುಗಳಲ್ಲಿ ಪಾರಿವಾಳಗಳು ಹೊರಳುತ್ತವೆ. ಕಣ್ಣು ತೆರೆದಾಗ ಮಂಜು ಇನ್ನೂ ನೀರು ಬಿಟ್ಟಿರುವುದಿಲ್ಲ. ಭೂತನಾಥನ ಗುಡಿಗೆ ಬುಡವೇ ಇಲ್ಲ, ಹಾಗೇ ತೇಲುತ್ತಿರುತ್ತದೆ. ಕೆಂಪು ಗುಡ್ಡ ನೀರೊಳಗೆ ತಲೆಕೆಳಗಾಗಿ ನಿಂತಿರುತ್ತದೆ. ಅದರ ಗವಿಗಳಿಂದ ಹೊರಟ ಹಕ್ಕಿಗಳು ಮೇಲೆ ಹಾರುತ್ತಿವೆಯೋ ನೀರಿನ ತಳಕ್ಕೆ ಹಾರುತ್ತಿವೆಯೋ ತಿಳಿಯದೆ ಮಂದಿ ಬಾಯಿಬಿಟ್ಟು ಕೂತಿರುತ್ತಿದ್ದರು. ಎಷ್ಟೋ ಜನ ಕಂಡ ಹಕ್ಕಿಗಳನ್ನು ಪಟ್ಟಿಯಲ್ಲಿ ಬರೆದುಕೊಳ್ಳುವುದನ್ನೇ ಮರೆಯುತ್ತಿದ್ದರು.

ಪಟ್ಟದಕಲ್ಲಿನಲ್ಲಿ ಮಧ್ಯಾಹ್ನ ಬುತ್ತಿ ಉಂಡು ಮಂಟಪದ ತಂಪು ಕಲ್ಲಿನ ಮೇಲೆ ಅಡ್ಡಾಗುವುದು ನಮ್ಮ ರೂಢಿ. ಒಮ್ಮೆ ಹಾಗೆ ಮಲಗಿದ್ದಾಗ ಗೋಡೆಯ ಹಂಸಗಳು ಒಂದೊಂದಾಗಿ ಕೆಳಗಿಳಿದು, ಕಾಲಲ್ಲಿ ಕಲ್ಲಿನ ಪುಡಿ ಉದುರಿಸುತ್ತಾ ಹೊಳೆಯತ್ತ ನಡೆದುಹೋದವು. ನೀರು ಕುಡಿದು ಸಾಲಾಗಿ ತಿರುಗಿ ಬಂದವು. ಎದ್ದ ಮೇಲೆ ಮಾಸ್ತರರಿಗೆ ಹೇಳಿದೆ. ಅವರು ನಗಲಿಲ್ಲ. “ಎಷ್ಟಿದ್ದವು?” ಅಂತ ಕೇಳಿದರು. ನಾನು ಎಣಿಸಿರಲಿಲ್ಲ. “ಕನಸಾದ್ರ ಏನಾತು, ಎಣಸಬೇಕು” ಅಂದರು.

ಎಣಿಸುವುದು, ಇದ್ದದ್ದನ್ನೇ ಬರೆಯುವುದು, ಇವೆರಡರಲ್ಲಿ ಮಾಸ್ತರರು ಭಾಳ ಕಠಿಣ. ಅವರ ಬಳಿ ಒಂದು ದಪ್ಪ ನೋಟ್‌ಬುಕ್ ಇತ್ತು. ಪ್ರತಿದಿನ ಕಂಡ ಹಕ್ಕಿ ಅದರಲ್ಲಿ ಹೋಗಬೇಕು. ಕಾಣದಿದ್ದರೆ ಕಾಣಲಿಲ್ಲ ಎಂದು ಹೋಗಬೇಕು. ಖಾತ್ರಿ ಇಲ್ಲದ ಹಕ್ಕಿಗೆ ಅದರಲ್ಲಿ ಜಾಗವಿಲ್ಲ. ಅವರ ಕಣ್ಣಿಗೆ ಮಬ್ಬು ಕವಿಯಲು ಶುರುವಾದ ಮೇಲೆ ಬರೆಯುವ ಕೆಲಸ ನನ್ನ ಪಾಲಿಗೆ ಬಂತು. ನಾಲ್ಕನೆಯ ಇಯತ್ತೆಯ ನನ್ನ ಅಕ್ಷರವನ್ನು ಅವರು ಆ ನೋಟ್‌ಬುಕ್ಕಿನಲ್ಲೇ ತಿದ್ದಿದರು. ಈಗ ನಾಲ್ಕು ಸಾಲು ನೆಟ್ಟಗೆ ಬರೆಯುತ್ತಿದ್ದರೆ ಅದು ಅವರ ದಯೆ.

ಎಷ್ಟು ಕಠಿಣ ಅನ್ನುವುದಕ್ಕೆ ಒಂದು ಪ್ರಸಂಗ ಹೇಳುತ್ತೇನೆ. ಬೆಂಗಳೂರಿನಿಂದ ಹತ್ತು ಜನರ ಗುಂಪು ಬಂದಿತ್ತು. ಮಾಸ್ತರರಿಗೆ ಜ್ವರ, ನಾನೊಬ್ಬನೇ ಕರೆದೊಯ್ದೆ. ಅವರಿಗೆ ಕೊಂಬಿನ ಗೂಬೆ ನೋಡಲೇಬೇಕಿತ್ತು. ಹೊತ್ತು ಮುಳುಗುವಾಗ ಮೇಗುತಿ ಗುಡ್ಡದ ಮೇಲೆ ನಿಲ್ಲಿಸಿ, ಕೋಟೆ ಗೋಡೆಯ ತುದಿ ತೋರಿಸಿ, “ಅಗೋ, ಕಿವಿ ಎದ್ದಿದ್ದು ಕಾಣತೈತೇನ್ರಿ?” ಅಂದೆ. ಎಲ್ಲರಿಗೂ ಕಂಡಿತು. ಒಬ್ಬರು ಚಿತ್ರ ಬರೆದುಕೊಂಡರು. ಒಬ್ಬ ತಾಯಿಯಂತೂ ಅದು ನಿಧಾನವಾಗಿ ಕತ್ತು ತಿರುಗಿಸಿ ತನ್ನನ್ನೇ ನೋಡಿತು ಅಂದರು. ಮರುದಿನ ಗುಂಪು ಹೋದ ಮೇಲೆ, ಅಲ್ಲೇ ಮರೆತು ಬಂದ ನನ್ನ ಕೋಲು ಹುಡುಕಲು ಅತ್ತ ಹೋದೆ. ಗೂಬೆ ಅಲ್ಲೇ ಇತ್ತು. ಗೋಡೆಯ ಒಡೆದ ಕಲ್ಲು.

ನಗುತ್ತಾ ಮಾಸ್ತರರಿಗೆ ಹೇಳಿದೆ. ಅವರು ನಗಲಿಲ್ಲ. ಹಾಸಿಗೆಯಲ್ಲಿ ಎದ್ದು ಕೂತು ಒಂದು ಪೋಸ್ಟ್ ಕಾರ್ಡು ತೆಗೆಸಿದರು.

“ಬರಿ. ನಾ ತೋರಿಸಿದ್ದು ಗೂಬಿ ಅಲ್ಲ, ಕಲ್ಲು. ಪಟ್ಟಿಯೊಳಗಿಂದ ತೆಗೀರಿ.”

“ಮಾಸ್ತರ, ಅವ್ರು ಖುಷಿಲೇ ಹೋಗ್ಯಾರ್ರಿ. ಬಿಡ್ರಿ ಅತ್ಲಾಗ.”

“ಮಾಳಪ್ಪ, ಹಕ್ಕಿ ಹೆಸರು ಒಮ್ಮೆ ಸುಳ್ಳು ಹೇಳಿದ್ರ ಆಮ್ಯಾಲೆ ನೀ ಹೇಳೂದು ಯಾವುದೂ ಖರೆ ಆಗೂದಿಲ್ಲ. ಬರಿ.”

ಬರೆದೆ. ನಾಚಿಕೆಯಿಂದ ಸತ್ತಂತಾಯಿತು. ಹದಿನೈದು ದಿನಕ್ಕೆ ಆ ತಾಯಿಯ ಉತ್ತರ ಬಂತು: ಅದು ಗೂಬೆಯೇ, ನನಗೆ ಚೆನ್ನಾಗಿ ಗೊತ್ತು, ಮರುದಿನ ನೀವು ನೋಡುವಾಗ ಅದು ಕಲ್ಲಾಗಿರಬೇಕು. ಆ ಕಾರ್ಡು ಓದಿಸಿಕೊಂಡು ಮಾಸ್ತರರು ಮೊದಲ ಸಲ ಹೊಟ್ಟೆ ಹಿಡಿದು ನಕ್ಕರು. ಪಟ್ಟಿಯಿಂದ ಮಾತ್ರ ಗೂಬೆಯನ್ನು ತೆಗೆಸಿದರು.

ಎಂಬತ್ತರ ದಶಕ ಬರುವಷ್ಟಕ್ಕೆ ಮಂದಿ ಹೆಚ್ಚಾದರು. ಬಾದಾಮಿಯ ಒಂದು ವಸತಿಗೃಹದವರು ನಮ್ಮನ್ನು ಕರೆಸಿಕೊಂಡರು. ಅದರ ಮ್ಯಾನೇಜರ್ ಸಂಗಪ್ಪ ನನಗೆ ಮೇಲಿನವರಾದರು. ಕೆಟ್ಟ ಮನುಷ್ಯನಲ್ಲ, ಆದರೆ ಎಲ್ಲವೂ ಹಾಳೆಯ ಮೇಲೆ ಇರಬೇಕು ಅನ್ನುವವರು. ಒಂದು ದಿನ ಟೈಪು ಮಾಡಿಸಿದ ಹಾಳೆ ಕೊಟ್ಟರು. ಆರೂವರೆಗೆ ಮಿಂಚುಳ್ಳಿ, ಏಳು ಕಾಲಿಗೆ ನೀಲಕಂಠ, ಎಂಟಕ್ಕೆ ರಣಹದ್ದು, ಆಮೇಲೆ ಉಪಾಹಾರ.

“ಸಾಹೇಬ್ರ, ಹಕ್ಕಿಗೆ ಗಡಿಯಾರ ಕಟ್ಟೀರೇನ್ರಿ?”

“ಬಸ್ಸಿಗೂ ಬೋರ್ಡಿನ ಮ್ಯಾಲೆ ಟೈಮ್ ಬರದಿರ್ತಾರ. ಎಲ್ಲಾ ಬಸ್ಸು ಬರ್ತಾವೇನು? ಬರಿಯೂದು ನಮ್ಮ ಕೆಲಸ, ತರಸೂದು ನಿನ್ನ ಕೆಲಸ.”

ತರಿಸಲು ಅವರು ಟೇಪ್ ರೆಕಾರ್ಡರೂ ತಂದರು. ಕೌಜುಗದ ಕೂಗು ತುಂಬಿಸಿಕೊಂಡು ಹೊಲದ ಬದುವಿನಲ್ಲಿ ಹಾಕಿದರೆ, ತನ್ನ ಜಾಗಕ್ಕೆ ಬೇರೆ ಗಂಡು ಬಂತೆಂದು ಕೌಜುಗ ಸಿಟ್ಟಿನಿಂದ ಓಡಿಬಂದು ನಮ್ಮ ಮುಂದೆಯೇ ನಿಲ್ಲುತ್ತಿತ್ತು. ಮಂದಿಗೆ ಭಾಳ ಸಂತೋಷ. ದಿನಾ ಹಾಕಿದೆವು. ಒಂದು ತಿಂಗಳಿಗೆ ಆ ಬದುವಿನಲ್ಲಿ ಕೌಜುಗದ ದನಿಯೇ ನಿಂತುಹೋಯಿತು. ಯಂತ್ರದ ಬ್ಯಾಟರಿ ಹೋಗಿದೆ ಎಂದು ಸುಳ್ಳು ಹೇಳಿ ಕಪಾಟಿನಲ್ಲಿಟ್ಟೆ.

ಮೋಡ ಕವಿದು ಹಕ್ಕಿ ಕಾಣದ ದಿನ ಮಂದಿಯನ್ನು ಇಳಕಲ್ಲಿಗೆ ಕರೆದೊಯ್ಯುತ್ತಿದ್ದೆ. ಹುನಗುಂದದಲ್ಲಿ ಬಸ್ಸು ನಿಂತರೆ ನಿಂತೇ ಬಿಡುತ್ತಿತ್ತು, ಅಷ್ಟರಲ್ಲಿ ಮಂದಿ ನಿಲ್ದಾಣದ ತಗಡಿನ ಸಂದಿಯ ಗುಬ್ಬಿಗಳನ್ನು ಬರೆದುಕೊಳ್ಳುತ್ತಿದ್ದರು. ಒಮ್ಮೆ ಪುಣೆಯ ಒಬ್ಬ ಮುದುಕಿ ನೇಕಾರರ ಮನೆಯ ಪಡಸಾಲೆಯಲ್ಲಿ, ಸೀರೆಗೆ ಕಸೂತಿ ಹಾಕುತ್ತಿದ್ದ ಹೆಣ್ಣುಮಗಳ ಪಕ್ಕ ಸಂಜೆಯವರೆಗೆ ಕೂತುಬಿಟ್ಟರು. ಗಿಳಿ ಎಂಟು, ನವಿಲು ನಾಲ್ಕು, ಹಂಸ ಎರಡು. ಎಲ್ಲವನ್ನೂ ಅವತ್ತಿನ ಪಟ್ಟಿಗೆ ಸೇರಿಸಿದರು. ಕಸೂತಿ ಹಾಕುತ್ತಿದ್ದವಳು “ಅವ್ವಾರ, ತಡೀರಿ, ಇನ್ನೊಂದು ಗಿಳಿ ಅರ್ಧ ಆಗೇತಿ” ಅಂದಳು. ಅವರು ತಡೆದರು. ಆ ಗಿಳಿ ಪೂರ್ತಿಯಾದ ಮೇಲೆಯೇ ನಾವು ಬಸ್ಸು ಹತ್ತಿದ್ದು.

ಇನ್ನು ಹೊಳೆಯ ಮಾತಿಗೆ ಬರುತ್ತೇನೆ.

ಐಹೊಳೆಯಿಂದ ಒಂದಿಷ್ಟು ದೂರ, ಮಲಪ್ರಭೆ ಮೈ ತಿರುಗಿಸುವಲ್ಲಿ, ಬೇಸಿಗೆಗೆ ನೀರು ಇಳಿದಾಗ ನಡುವೆ ಒಂದು ಉಸುಕಿನ ದಿಬ್ಬ ಏಳುತ್ತಿತ್ತು. ಅಲ್ಲಿಗೆ ಒಂದು ಜಾತಿಯ ಹಕ್ಕಿ ಬರುತ್ತಿತ್ತು. ಮೈ ಬೂದು ಬಿಳಿ, ತಲೆಗೆ ಕರೀ ಟೊಪ್ಪಿಗೆ, ಹಳದಿ ಕೊಕ್ಕು, ಕೆಂಪು ಕಾಲು, ಕವಲೊಡೆದ ಬಾಲ. ಮಾಸ್ತರರು ಅದಕ್ಕೆ ರೀವ ಅಂದರು. ಮೀನು ಹಿಡಿಯುವವರು ಬರೀ ಹೊಳೀಹಕ್ಕಿ ಅನ್ನುತ್ತಿದ್ದರು. ಅದು ಗೂಡು ಕಟ್ಟುವುದಿಲ್ಲ. ಉಸುಕಿನಲ್ಲಿ ಎದೆಯೂರಿ ಒಂದು ತಿರುವು ತಿರುಗಿ, ಆದ ತಗ್ಗಿನಲ್ಲಿ ಎರಡೋ ಮೂರೋ ಮೊಟ್ಟೆ ಇಡುತ್ತದೆ. ಮೊಟ್ಟೆ ಉಸುಕಿನ ಬಣ್ಣದ್ದೇ. ಕಾಲಡಿಗೆ ಬಂದರೂ ತಿಳಿಯುವುದಿಲ್ಲ.

ಆ ದಿಬ್ಬದ ಬೆಳಗುಗಳು ಈಗಲೂ ನನ್ನ ನಿದ್ದೆಯೊಳಗೆ ಬರುತ್ತವೆ. ಮೊಣಕಾಲುದ್ದ ನೀರು ದಾಟಿ ಹೋಗಿ ಉಸುಕಿನ ಮೇಲೆ ಕೂತರೆ ಮೊದಲು ಎಲ್ಲವೂ ಎದ್ದು ತಲೆಯ ಮೇಲೆ ಕೂಗುತ್ತಾ ಸುತ್ತುತ್ತವೆ. ಅಲುಗದೆ ಕೂತರೆ ಒಂದೊಂದಾಗಿ ಇಳಿಯುತ್ತವೆ. ಬಿಸಿಲೇರಿದಾಗ ತಾಯಿಹಕ್ಕಿ ಹೊಳೆಗೆ ಹಾರಿ, ಹೊಟ್ಟೆ ತೋಯಿಸಿಕೊಂಡು ಬಂದು, ತೊಟ್ಟಿಕ್ಕುವ ಹೊಟ್ಟೆಯಿಂದ ಮೊಟ್ಟೆಯ ಮೇಲೆ ಕೂರುತ್ತದೆ. ಅದನ್ನು ನೋಡುತ್ತಾ ನೋಡುತ್ತಾ ನನಗೆ ಹೊತ್ತು ಎನ್ನುವುದೇ ಇಲ್ಲವಾಗುತ್ತಿತ್ತು. ಆ ಹಕ್ಕಿಗಳೆಂದರೆ ನನಗೆ ಪ್ರಾಣ. ಮಾಸ್ತರರಿಗೂ ಹಾಗೇ. ನೋಟ್‌ಬುಕ್ಕಿನಲ್ಲಿ ಪ್ರತಿ ಬೇಸಿಗೆ ಅವುಗಳಿಗೆ ಬೇರೆಯೇ ಪುಟ.

ಸಂಗಪ್ಪನವರ ಹಾಳೆಗೆ ದಿಬ್ಬವೂ ಬಂತು. ಗುಂಪುಗಳು ದಿಬ್ಬಕ್ಕೇ ನಡೆದು ಬರತೊಡಗಿದವು. ಮಂದಿ ಕ್ಯಾಮೆರಾದೊಳಗೆ ಕಣ್ಣಿಟ್ಟು ಹಿಂದೆ ಹಿಂದೆ ಸರಿಯುವಾಗ ನನ್ನ ಜೀವ ಬಾಯಿಗೆ ಬರುತ್ತಿತ್ತು. ಒಮ್ಮೆ ಒಬ್ಬರ ಬೂಟಿನ ಹಿಮ್ಮಡಿ ಮೊಟ್ಟೆಗೆ ನಾಲ್ಕು ಬೆರಳು ದೂರದಲ್ಲಿ ಊರಿತು. ಏನು ಮಾಡಲಿ ಎಂದು ಯೋಚಿಸಿ ನಾನು ನಮ್ಮ ಮನೆತನದ ಉಪಾಯ ತೆಗೆದೆ.

ನಮ್ಮಲ್ಲಿ ಹಿಂಡು ಹೊಡೆದುಕೊಂಡು ಹೋಗುವಾಗ ಬೀಳು ಹೊಲದಲ್ಲಿ ಟಿಟ್ಟಿಭದ ಮೊಟ್ಟೆ ಕಂಡರೆ, ಮುಂದಿನ ಕುರುಬ ಅದರ ಸುತ್ತ ಮೂರು ಕಲ್ಲು ಇಟ್ಟು ಹೋಗುತ್ತಾನೆ. ಹಿಂದಿನಿಂದ ಬರುವವನು ಕಲ್ಲು ನೋಡಿ ಕುರಿಗಳನ್ನು ಅತ್ತ ತಿರುಗಿಸುತ್ತಾನೆ. ನಮ್ಮಪ್ಪ ಇಡುತ್ತಿದ್ದ, ಅವನಪ್ಪನೂ ಇಡುತ್ತಿದ್ದ. ನಾನು ದಂಡೆಯಿಂದ ಗುಂಡು ಕಲ್ಲುಗಳನ್ನು ಬುಟ್ಟಿಯಲ್ಲಿ ಹೊತ್ತು ತಂದು, ದಿಬ್ಬದ ಮೇಲಿದ್ದ ಹದಿನಾಲ್ಕು ತಗ್ಗುಗಳಿಗೂ ಮೂರು ಮೂರು ಕಲ್ಲು ಇಟ್ಟೆ. ಚೆನ್ನಾಗಿ ಕಾಣಲಿ ಎಂದು ಬಿಳಿಯವನ್ನೇ ಆರಿಸಿದ್ದೆ. ಮಂದಿ ಕಲ್ಲು ನೋಡಿ ದೂರ ನಿಂತರು. ಸಂಗಪ್ಪನವರು ಬೆನ್ನು ತಟ್ಟಿದರು. ನನಗೂ ಎದೆ ಉಬ್ಬಿತು, ಸುಳ್ಳು ಯಾಕೆ ಹೇಳಲಿ.

ಆರನೆಯ ದಿನ ಮುಂಜಾನೆ ಒಬ್ಬನೇ ಹೋದೆ. ನೀರು ದಾಟುವ ಮುನ್ನವೇ ಏನೋ ಸರಿಯಿಲ್ಲ ಅನ್ನಿಸಿತು. ಹಕ್ಕಿಗಳು ಕೂಗುತ್ತಿದ್ದವು, ಇಳಿಯುತ್ತಿರಲಿಲ್ಲ. ದಿಬ್ಬದ ಮೇಲೆ ಒಂದು ಕಾಗೆ ನಡೆದಾಡುತ್ತಿತ್ತು. ಅವಸರವೇ ಇಲ್ಲ. ಮೂರು ಬಿಳಿ ಕಲ್ಲು ಇದ್ದಲ್ಲಿಗೆ ಹೋಗುತ್ತದೆ, ಬಾಗುತ್ತದೆ, ತಲೆಯೆತ್ತಿ ನೋಡುತ್ತದೆ, ಮುಂದಿನ ಮೂರು ಕಲ್ಲಿಗೆ ನಡೆಯುತ್ತದೆ. ನಾನು ಕೂಗುತ್ತಾ ನೀರಿನಲ್ಲಿ ಎಡವಿ ಬಿದ್ದು ಎದ್ದು ಓಡಿದೆ. ಹದಿನಾಲ್ಕರಲ್ಲಿ ಒಂದೂ ಉಳಿದಿರಲಿಲ್ಲ.

ಬೀಳು ಹೊಲದಲ್ಲಿ ಎಲ್ಲೆಲ್ಲೂ ಕಲ್ಲೇ. ಅದರಲ್ಲಿ ಮೂರು ಕಲ್ಲು ಕುರುಬನ ಕಣ್ಣಿಗೆ ಮಾತ್ರ ಬೀಳುತ್ತದೆ. ಕಲ್ಲೇ ಇಲ್ಲದ ಉಸುಕಿನ ಮೇಲೆ ನಾನು ಕಾಗೆಗೆ ಬೋರ್ಡು ಬರೆದು ನಿಲ್ಲಿಸಿದ್ದೆ. ಅಷ್ಟು ಸಣ್ಣ ಮಾತು ನನಗೆ ಹೊಳೆದಿರಲಿಲ್ಲ. ಉಸುಕಿನ ಮೇಲೆ ಕೂತು ಅತ್ತುಬಿಟ್ಟೆ. ಅದಾದ ಮೂರನೆಯ ದಿನ ಹಕ್ಕಿಗಳೂ ಹೊರಟುಹೋದವು.

ಮಾಸ್ತರರನ್ನು ಬಾಗಲಕೋಟೆಯಿಂದ ಕರೆತಂದೆ. ಆ ಹೊತ್ತಿಗೆ ಅವರನ್ನು ಕೈ ಹಿಡಿದು ನಡೆಸಬೇಕಾಗಿತ್ತು. ಡಾಕ್ಟರು ಕಣ್ಣಿನ ನರ ಒಣಗಿದೆ, ಇದಕ್ಕೆ ಆಪರೇಷನ್ ಇಲ್ಲ ಅಂದಿದ್ದರು. ದಿಬ್ಬದ ಮೇಲೆ ನಿಂತು ನಡೆದದ್ದನ್ನೆಲ್ಲ ಹೇಳಿದೆ. ಅವರು ಕೂತು, ಕೈಯಿಂದ ತಡವಿ ತಡವಿ ಒಂದು ತಗ್ಗನ್ನೂ ಅದರ ಸುತ್ತಲ ಕಲ್ಲನ್ನೂ ಮುಟ್ಟಿ ನೋಡಿದರು. ಬೈಯಲಿ ಎಂದು ಕಾದೆ. ಬೈದಿದ್ದರೆ ಹಗುರಾಗುತ್ತಿತ್ತು.

“ನೋಟ್‌ಬುಕ್ ತಗಿ. ಈ ವರ್ಷ ಮರಿ ಎಷ್ಟು?”

“ಒಂದೂ ಇಲ್ರಿ.”

“ಬರಿ. ಮುಂದ ಕಾರಣ ಅಂತ ಬರಿ.”

“ಏನಂತ ಬರೀಲ್ರಿ?”

“ಏನದನೋ ಅದು.”

‘ಕಾರಣ: ಮಾಳಪ್ಪ ಇಟ್ಟ ಕಲ್ಲು’ ಎಂದು ಬರೆದೆ. ಓದಿ ತೋರಿಸು ಅಂದರು. ಓದಿದೆ. ಅವರು ಎದ್ದು ನನ್ನ ಹೆಗಲ ಮೇಲೆ ಕೈಯಿಟ್ಟು “ನಡಿ, ಬಿಸಲಾತು” ಅಂದರು. ನಲವತ್ತೆರಡು ಕಲ್ಲುಗಳನ್ನೂ ಆರಿಸಿ ಹೊಳೆಯ ಆಳಕ್ಕೆ ಎಸೆದ ಮೇಲೆಯೇ ನಾನು ಊರಿಗೆ ಬಂದದ್ದು.

ಮರುವರ್ಷ ಬೇಸಿಗೆಗೆ ದಿಬ್ಬ ಎದ್ದಿತು, ಹಕ್ಕಿ ಬರಲಿಲ್ಲ. ಅದರ ಮರುವರ್ಷವೂ ಇಲ್ಲ. ನಾನು ಗುಂಪುಗಳನ್ನು ಬಾದಾಮಿಯಲ್ಲಿ ಬಿಟ್ಟು, ಬಿಡುವಾದಾಗಲೆಲ್ಲ ಹೊಳೆಯ ದಂಡೆಯ ಜಾಲಿ ಕಂಟಿಯ ನೆರಳಲ್ಲಿ ಕೂತಿರುತ್ತಿದ್ದೆ. ಬಿಸಿಲಿಗೆ ನೀರು ಬೆಳ್ಳಗೆ ಹೊಳೆದು ಕಣ್ಣು ಮುಚ್ಚಿದರೆ ರೆಪ್ಪೆಯೊಳಗೆ ಹಕ್ಕಿಗಳು ಹಾರುತ್ತಿದ್ದವು, ತೆರೆದರೆ ಇರುತ್ತಿರಲಿಲ್ಲ. ಮಾಸ್ತರರು ಪ್ರತಿ ಬೇಸಿಗೆ ಕಾರ್ಡು ಬರೆಸುತ್ತಿದ್ದರು. ಒಂದೇ ಸಾಲು: ‘ಬಂದವೇನು?’ ನಾನು ‘ಇಲ್ಲ’ ಎಂದು ಬರೆಯುತ್ತಿದ್ದೆ. ಮೂರನೆಯ ವರ್ಷವೂ ಅದೇ ಬರೆದೆ.

ಇತ್ತ ಸಂಗಪ್ಪನವರಿಗೂ ತಾಳ್ಮೆ ತೀರಿತ್ತು. ಹೊಳೀಹಕ್ಕಿಯ ಮೊಟ್ಟೆ, ಮರಿ ಹತ್ತಿರದಿಂದ ಕಾಣುತ್ತವೆಂದು ಹಾಳೆಯಲ್ಲಿ ಅಚ್ಚಾಗಿಬಿಟ್ಟಿತ್ತು. ನಾಲ್ಕನೆಯ ಬೇಸಿಗೆ ಶುರುವಾಗುವಾಗ ಕರೆದು ನೇರವಾಗಿ ಹೇಳಿದರು: “ಮಾಳಪ್ಪ, ಹೊಸಪೇಟಿ ಕಡೆಯಂವ ಒಬ್ಬ ಗೈಡ್ ಬರ್ತೇನಿ ಅನ್ನಾಕತ್ತಾನ. ಈ ಸಲ ಹೊಳ್ಯಾಗ ಹಕ್ಕಿ ತೋರಿಸಿದ್ರ ನೀ ಇರು. ಇಲ್ಲಂದ್ರ ನನ್ನ ಕೈಯಾಗೂ ಏನಿಲ್ಲ.”

ಅದೇ ವರ್ಷ ಅವು ಬಂದವು.

ಒಂದು ಮುಂಜಾನೆ ಜಾಲಿಯ ನೆರಳಲ್ಲಿ ಅರೆನಿದ್ದೆಯಲ್ಲಿದ್ದಾಗ ದನಿ ಕೇಳಿತು. ಕನಸೆಂದುಕೊಂಡು ಕಣ್ಣು ತೆರೆಯಲಿಲ್ಲ. ಮತ್ತೆ ಕೇಳಿತು. ತೆರೆದರೆ ದಿಬ್ಬದ ಮೇಲೆ ಒಂದು ಹಕ್ಕಿ ಎದೆಯೂರಿ ನಿಧಾನವಾಗಿ ತಿರುಗುತ್ತಿತ್ತು. ಇನ್ನೊಂದು ಕೊಕ್ಕಿನಲ್ಲಿ ಮೀನು ಹಿಡಿದು ಪಕ್ಕದಲ್ಲಿ ನಿಂತಿತ್ತು. ಅತ್ತ ದೂರದಲ್ಲಿ ಇನ್ನೊಂದು ಜೋಡಿ. ಏಳಲಿಲ್ಲ, ಹತ್ತಿರ ಹೋಗಲಿಲ್ಲ. ಹೊತ್ತೇರಿದ ಮೇಲೆ ಹೊಟ್ಟೆಯ ಮೇಲೆ ತೆವಳಿಕೊಂಡು ಹಿಂದೆ ಸರಿದು ಬಂದೆ. ಹೆಂಡತಿಗೂ ಹೇಳಲಿಲ್ಲ. ಮಾಸ್ತರರಿಗೆ ಕಾರ್ಡು ಬರೆಯಲೂ ಧೈರ್ಯವಾಗಲಿಲ್ಲ, ಕಾರ್ಡನ್ನು ಯಾರು ಬೇಕಾದರೂ ಓದಬಹುದು. ಎದುರಿಗೆ ಸಿಕ್ಕಾಗ ಹೇಳೋಣ ಎಂದುಕೊಂಡೆ.

ಎದುರಿಗೆ ಸಿಕ್ಕರು, ಆದರೆ ಸಂಗಪ್ಪನವರ ಜೀಪಿನಲ್ಲಿ. ಹಕ್ಕಿಯ ಸಲುವಾಗಿಯೇ ದೂರದಿಂದ ಬಂದ ಆರು ಜನ ಅತಿಥಿಗಳು, ಅವರ ಗೌರವಕ್ಕೆಂದು ಮಾಸ್ತರರನ್ನೂ ಮನೆಯಿಂದ ಕರೆತಂದಿದ್ದರು. ಮಾಸ್ತರರಿಗೆ ಆಗ ಬೆಳಕು ಕತ್ತಲೆ ಬಿಟ್ಟರೆ ಏನೂ ಕಾಣುತ್ತಿರಲಿಲ್ಲ. ಒಂದು ಮಾತು ಹೇಳಲೂ ಎಡೆ ಸಿಗಲಿಲ್ಲ. ದಿಬ್ಬ ಕಾಣುವ ದಾರಿ ಬಿಟ್ಟು, ತಿರುವಿನ ಹಿಂದೆ, ಜಾಲಿ ಕಂಟಿ ದಟ್ಟವಾಗಿ ಹೊಳೆಯನ್ನು ಮರೆಮಾಡುವಲ್ಲಿಗೆ ಎಲ್ಲರನ್ನೂ ಕರೆದೊಯ್ದೆ.

“ಏನಾತು ಮಾಳಪ್ಪ? ಅದಾವೋ ಇಲ್ಲೋ?” ಸಂಗಪ್ಪನವರು ಎಲ್ಲರ ಮುಂದೆ ಕೇಳಿದರು.

ಇವೆ ಅಂದರೆ ಆರು ಜನ ಈಗಲೇ ನೀರಿಗಿಳಿಯುತ್ತಾರೆ. ನಾಳೆ ಇನ್ನೊಂದು ಗುಂಪು. ಅದು ನನಗೆ ಕಣ್ಣಿಗೆ ಕಟ್ಟಿದಂತೆ ಕಂಡಿತು.

“ಇಲ್ರಿ ಸಾಹೇಬ್ರ. ಈ ವರ್ಷಾನೂ ಬಂದಿಲ್ಲ.”

ಆ ಮಾತು ಬಾಯಿಂದ ಬೀಳುವುದಕ್ಕೂ, ಕಂಟಿಯ ಆಚೆ ಹೊಳೆಯ ಕಡೆಯಿಂದ ದನಿ ಬರುವುದಕ್ಕೂ ಸರಿಹೋಯಿತು. ಒಂದೇ ಒಂದು ಚೂಪಾದ ಕೂಗು. ಅತಿಥಿಗಳಲ್ಲಿ ಒಬ್ಬರು ಥಟ್ಟನೆ ತಿರುಗಿದರು. “ಅದೇನು ಕೂಗಿದ್ದು?”

ಸಂಗಪ್ಪನವರು ನನ್ನನ್ನು ಬಿಟ್ಟು ಮಾಸ್ತರರ ಕಡೆ ತಿರುಗಿದರು. “ಮಾಸ್ತರ, ನೀವ ಹೇಳ್ರಿ. ದನಿ ಕೇಳಿ ಹಕ್ಕಿ ಹೇಳೂದ್ರಾಗ ನಿಮಗ ಯಾರು ಸಾಟಿ. ಏನದು?”

ಮಾಸ್ತರರು ಕೋಲೂರಿ ನಿಂತಿದ್ದರು. ಮುಖ ಹೊಳೆಯ ಕಡೆಗೇ ಇತ್ತು. ಆ ಮುಖದ ಮೇಲೆ ಏನೋ ಬಂದು ಹೋದದ್ದನ್ನು ನಾನು ಕಂಡೆ. ದನಿ ಇನ್ನೊಮ್ಮೆ ಬಂತು. ಅದು ಮುಗಿಯುವ ತನಕ ಪೂರ್ತಿ ಕೇಳಿದರು.

“ಟಿಟ್ಟಿಭ” ಅಂದರು. “ನೀರು ಕುಡೀಲಿಕ್ಕೆ ಬಂದದ. ಒಮ್ಮೊಮ್ಮೆ ಹಂಗ ಒಂದ ದನಿ ಮಾಡ್ತದ. ಇಲ್ಲೇನೂ ಇಲ್ಲ, ನಡೀರಿ. ಪಟ್ಟದಕಲ್ಲಿಗೆ ಹೋದ್ರ ಬಿಸಲೇರೂದ್ರೊಳಗ ಮಿಂಚುಳ್ಳಿ ಸಿಗ್ತದ.”

ಎಲ್ಲರೂ ನಂಬಿದರು. ಮಾಸ್ತರರು ಹೇಳಿದ ಹಕ್ಕಿಯ ಹೆಸರನ್ನು ನಂಬದವರು ಯಾರು. ಸಂಗಪ್ಪನವರು ಜೀಪು ಹತ್ತುವಾಗ ನನ್ನನ್ನು ಬದಿಗೆ ಕರೆದು, “ತಪ್ಪು ತಿಳೀಬ್ಯಾಡ. ಮುಂದಿನ ತಿಂಗಳಿಂದ ಬರೂದು ಬ್ಯಾಡ” ಅಂದರು. “ಆತ್ರಿ” ಅಂದೆ. ಮಾಸ್ತರರು ಜೀಪು ಹತ್ತಲಿಲ್ಲ. ದಣಿವಾಗಿದೆ, ಬಾಗಲಕೋಟೆಗೆ ಬಸ್ಸಿನಲ್ಲಿ ಹೋಗುತ್ತೇನೆ, ಮಾಳಪ್ಪ ಹತ್ತಿಸುತ್ತಾನೆ ಅಂದರು.

ಐಹೊಳೆಯ ಬಸ್ಸು ನಿಲ್ಲುವಲ್ಲಿ ಬೇವಿನ ಗಿಡದ ಕೆಳಗಿನ ಕಲ್ಲಿನ ಮೇಲೆ ಇಬ್ಬರೂ ಕೂತೆವು. ಬಿಸಿಲಿಗೆ ಊರು ಮಲಗಿತ್ತು. ನನಗೆ ಅವರ ಮುಖ ನೋಡಲು ಸಂಕಟ. ಇಡೀ ಜನ್ಮದಲ್ಲಿ ಒಂದು ಹಕ್ಕಿಯ ಹೆಸರನ್ನು ತಪ್ಪಾಗಿ ಹೇಳದ ಮನುಷ್ಯನಿಂದ ನಾನು ಅದನ್ನು ಹೇಳಿಸಿದ್ದೆ.

“ಮಾಸ್ತರ, ನನ್ನಿಂದ ನೀವು…” ಅಂದೆ.

ಅವರು ಕೈಯೆತ್ತಿ ತಡೆದರು. ಸುತ್ತ ಯಾರಾದರೂ ಇದ್ದಾರೆಯೇ ಎಂದು ಕಿವಿಗೊಟ್ಟು ಕೇಳಿ, ನನ್ನ ಕಡೆ ಬಾಗಿ, ಪಿಸುದನಿಯಲ್ಲಿ ಕೇಳಿದರು.

“ಎಷ್ಟು ಜೋಡಿ ಅವ?”

ಎರಡು ಬೆರಳು ಎತ್ತಿ ತೋರಿಸಿದೆ. ಅವರಿಗೆ ಕಾಣುವುದಿಲ್ಲ ಎಂದು ಆಮೇಲೆ ನೆನಪಾಗಿ, ಅವರ ಕೈ ಹಿಡಿದು ಆ ಎರಡು ಬೆರಳುಗಳ ಮೇಲೆ ಇಟ್ಟೆ. ಅವರು ಒಂದೊಂದನ್ನೇ ಮುಟ್ಟಿ ಎಣಿಸಿದರು. ಎಣಿಸಿ, ಎರಡನ್ನೂ ಸೇರಿಸಿ ಮುಷ್ಟಿಯಲ್ಲಿ ಹಿಡಿದುಕೊಂಡರು. ಬಸ್ಸು ಬರುವ ತನಕ ಬಿಡಲಿಲ್ಲ.